ಬೇಸಿಗೆಯಲ್ಲಿ ತೋಟದ ದರಗು ಸುಡಬಹುದಾ?

ಮೂಡಿಗೆರೆ ಕಡೆ ಕಾಡಿಗೆ ತಾಗಿದ ಕಾಫಿ ತೋಟದಲ್ಲಿ ದರಗು (ಉದುರಿದ ಒಣ ಎಲೆ) ಸುಡಬಹುದಾ ಅಂತ ಕೇಳಿದ್ದೀರಿ. ಜನವರಿಯಿಂದ ಒಳ್ಳೆ ಮಳೆ ಬೀಳುವವರೆಗೆ ದಯವಿಟ್ಟು ಬೇಡ.

ಕರ್ನಾಟಕ ಅರಣ್ಯ ಕಾಯ್ದೆ 1963ರ ಪ್ರಕಾರ ಮೀಸಲು ಅರಣ್ಯಕ್ಕೆ ಅಪಾಯವಾಗುವ ಹಾಗೆ ಬೆಂಕಿ ಹಚ್ಚುವುದಷ್ಟೇ ಅಲ್ಲ, ಆರಿಸದೆ ಬಿಟ್ಟು ಬರುವುದೂ ಅಪರಾಧ. ಭದ್ರಾ ಅಭಯಾರಣ್ಯಕ್ಕೆ ಇದೇ ರೀತಿ ಬೆಂಕಿ ಹಚ್ಚುವುದನ್ನು ನಿಷೇಧಿಸುವ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ 30ನೇ ಸೆಕ್ಷನ್ ಕೂಡ ಇದೆ.

ಬೆಳಿಗ್ಗೆ ಇಬ್ಬನಿಗೆ ಒದ್ದೆಯಾಗಿದ್ದ ದರಗು ಹನ್ನೊಂದು ಗಂಟೆಗೆಲ್ಲ ಹಪ್ಪಳದ ಹಾಗೆ ಮುರಿಯುತ್ತದೆ. ಆಮೇಲೆ ಗಾಳಿ ಎದ್ದರೆ ಉರಿಯುವ ಒಂದೇ ಎಲೆ ಸಾಕು, ಬೇಲಿ ಆಚೆಯ ಲಂಟಾನ ಪೊದೆ ಹತ್ತಿಕೊಳ್ಳುತ್ತದೆ. ಇಳಿಜಾರಿನಲ್ಲಿ ಬೆಂಕಿ ಮೇಲಕ್ಕೆ ಜಾಸ್ತಿ ಜೋರಾಗಿ ಓಡುತ್ತದೆ. ಮುಳ್ಳಯ್ಯನಗಿರಿ ಸುತ್ತಿನ ಹುಲ್ಲುಗಾವಲು ಆಗ ಪೂರ್ತಿ ಒಣಗಿರುತ್ತದೆ, ಅದರ ಮಡಿಲಲ್ಲೇ ಶೋಲಾ ಕಾಡು (ಬೆಟ್ಟದ ಕಣಿವೆಗಳಲ್ಲಿ ಬೆಳೆಯುವ ಸದಾ ಹಸಿರು ಕಾಡು) ಇದೆ. ಆ ಮರಗಳು ಸುಟ್ಟರೆ ನಮ್ಮ ಕಾಲದಲ್ಲಿ ವಾಪಸ್ ಬರುವುದಿಲ್ಲ.

ಅಷ್ಟಕ್ಕೂ ದರಗು ಸುಮ್ನೆ ಸುಡುವ ವಸ್ತು ಅಲ್ಲ ಅಲ್ವಾ? ಗಿಡದ ಬುಡಕ್ಕೆ ಹರಡಿ, ತೇವ ನಿಲ್ಲುತ್ತದೆ. ಉಳಿದದ್ದು ಗೊಬ್ಬರದ ಗುಂಡಿಗೆ ಹಾಕಿ. ಕಾಡಿನ ಅಂಚಿನಲ್ಲಿ ಮಾತ್ರ ಒಂದು ಪಟ್ಟಿ ಅಗಲ ಗುಡಿಸಿ, ನೆಲ ಕಾಣುವ ಹಾಗೆ ಇಡಿ.

ಕಾಡಿನ ಕಡೆ ಹೊಗೆ ಕಂಡರೆ ತಡ ಮಾಡದೆ ಅರಣ್ಯ ಸಹಾಯವಾಣಿ 1926ಕ್ಕೆ ಅಥವಾ 112ಕ್ಕೆ ಕರೆ ಮಾಡಿ.