ಸುಮ್ಮನೆ ಕೈ ಆಡಿಸಿದರೆ ಸಾಕೇ?

ಮುಂಬೈ ಬಳಿಯ ಡೊಂಬಿವಿಲಿಯ ಓದುಗರೊಬ್ಬರ ಪತ್ರ: ಮಗ ಪಂಕ್ (ವೇಗದ, ಅಬ್ಬರದ ರಾಕ್ ಸಂಗೀತ) ಬ್ಯಾಂಡಿನಲ್ಲಿ ಡ್ರಮ್ಮರ್. ವೆಬ್ ಸರಣಿಯೊಂದರಲ್ಲಿ ಡ್ರಮ್ಮರನದೇ ಪಾತ್ರ ಸಿಕ್ಕಿದೆ. ‘ಹಾಡು ರೆಕಾರ್ಡ್ ಆಗಿದೆ, ಸುಮ್ಮನೆ ಕೈ ಆಡಿಸಿದರೆ ಸಾಕು’ ಅಂದಿದ್ದಾರಂತೆ. ನಂಬಿ ಹೋಗಬಹುದೇ? ಬ್ಯಾಂಡ್ ಬಿಡಬೇಕಾದೀತೇ?

ಸಂಪಾದಕರ ಉತ್ತರ: ಧಾರಾಳವಾಗಿ ಹೋಗಲಿ, ಬ್ಯಾಂಡ್ ಬಿಡುವುದು ಬೇಡ. ಅಮೆರಿಕದ ಹಾಸ್ಯನಟ ಫ್ರೆಡ್ ಆರ್ಮಿಸನ್ ಶಿಕಾಗೋದ ಟ್ರೆಂಚ್‌ಮೌತ್ ಎಂಬ ಪಂಕ್ ಬ್ಯಾಂಡಿನ ಡ್ರಮ್ಮರ್ ಆಗಿದ್ದವರು. ಬ್ಯಾಂಡ್ 1996ರಲ್ಲಿ ಮುಗಿಯಿತು, ‘ಸ್ಯಾಟರ್ಡೇ ನೈಟ್ ಲೈವ್’ ಎಂಬ ಟಿವಿ ಹಾಸ್ಯ ಕಾರ್ಯಕ್ರಮ ಸೇರಿದ್ದು 2002ರಲ್ಲಿ. 2018ರಲ್ಲಿ ಡ್ರಮ್ಮರ್‌ಗಳಿಗೆಂದೇ ಹಾಸ್ಯ ಕಾರ್ಯಕ್ರಮ ಮಾಡಿದರು. ತೆರೆಗೆ ಬಂದ ಮೇಲೂ ಡ್ರಮ್ಸ್ ಕೈಬಿಡಲಿಲ್ಲ.

‘ಕೈ ಆಡಿಸಿದರೆ ಸಾಕು’ ಅನ್ನುವುದು ಮಾತ್ರ ಬರೀ ಸುಳ್ಳು. ನಿಮಿಷಕ್ಕೆ 200 ಬೀಟ್ ಓಡುವ ಪಂಕ್ ಹಾಡಿನಲ್ಲಿ ಹೈ-ಹ್ಯಾಟ್‌ಗೆ (ಒಂದರ ಮೇಲೊಂದಿರುವ ಜೋಡಿ ಸಿಂಬಲ್) ಬೀಟ್‌ಗೆ ಎರಡರಂತೆ 150 ಮಿಲಿಸೆಕೆಂಡಿಗೊಂದು ಏಟು. ಸೆಕೆಂಡಿಗೆ 25 ಫ್ರೇಮ್ ತೆಗೆಯುವ ಕ್ಯಾಮೆರಾಗೆ ಒಂದು ಫ್ರೇಮ್ ಅಂದರೆ 40 ಮಿಲಿಸೆಕೆಂಡ್. ಎರಡೇ ಫ್ರೇಮ್ ತಡವಾದರೂ ಸದ್ದು ಬಂದಾಗ ಸ್ಟಿಕ್ ಗಾಳಿಯಲ್ಲಿರುತ್ತದೆ! ಸೆಟ್‌ನಲ್ಲಿ ಹಾಡು ಕೇಳಿಸುವ ಪ್ಲೇಬ್ಯಾಕ್ ಸ್ಪೀಕರ್ ಹತ್ತು ಮೀಟರ್ ದೂರವಿದ್ದರೆ ಸದ್ದು ತಲುಪಲು ಸುಮಾರು 29 ಮಿಲಿಸೆಕೆಂಡ್ ಬೇಕು. ಅಲ್ಲಿಗೆ ಮುಕ್ಕಾಲು ಫ್ರೇಮ್ ಹೋಯಿತು. ಹಾಗಾಗಿ ಕಿವಿಗೇ ಹಾಕುವ ಇಯರ್‌ಪೀಸ್ ಕೊಡಿ ಅಂತ ಕೇಳಲಿ. ವೇಗ ಹಿಡಿಯಲು ಹಾಡಿಗೆ ಮುಂಚೆ ನಾಲ್ಕು ಕ್ಲಿಕ್ ಇರಲಿ.

ಸಂಭಾಷಣೆ ಇರುವ ಶಾಟ್‌ಗೆ ಡ್ರಮ್ಸ್ ಮೂಕವಾಗಬೇಕು. ಸಿಂಬಲ್‌ನ (ಲೋಹದ ತಟ್ಟೆ) ಕೆಳಬದಿಗೆ ಗ್ಯಾಫರ್ ಟೇಪ್ (ದಪ್ಪ ಬಟ್ಟೆಯ ಟೇಪ್), ಕಾಲಿನಿಂದ ಬಾರಿಸುವ ಕಿಕ್ ಡ್ರಮ್ಮಿನೊಳಗೆ ದಿಂಬು, ಸ್ನೇರ್ ಡ್ರಮ್ಮಿನ ತಂತಿ ಸಡಿಲ. ಎಡವಟ್ಟಾಗುವುದು ಇಲ್ಲೇ: ಟೇಪ್ ಅತಿಯಾದರೆ ಅಥವಾ ಮೇಲಿನ ತಿರುಪು ಬಿಗಿಯಾದರೆ ಸಿಂಬಲ್ ತೂಗುವುದಿಲ್ಲ, ನೋಡುಗನಿಗೆ ಕೂಡಲೇ ಗೊತ್ತಾಗುತ್ತದೆ. ಡ್ರಮ್ಮಿಗೆ ಮೆಶ್ ಹೆಡ್ (ಬಲೆಯಂಥ ಹೊದಿಕೆ) ಹಾಕಿದರೆ ಸ್ಟಿಕ್ ಚೆನ್ನಾಗಿ ಪುಟಿಯುತ್ತದೆ, ಆದರೆ ಕ್ಲೋಸ್‌ಅಪ್‌ನಲ್ಲಿ ಬಲೆ ಕಾಣುತ್ತದೆ. ದೂರದ ಶಾಟ್‌ಗೆ ಸರಿ.

ಹಾಡಿನ ಯಾವ ಸಾಲಿಗೆ ಎಡಗಡೆಯ ಕ್ರ್ಯಾಶ್ ಸಿಂಬಲ್, ಯಾವುದಕ್ಕೆ ಬಲಗಡೆಯದು ಅಂತ ಮೊದಲ ಟೇಕ್ ಆದ ತಕ್ಷಣ ಬರೆದುಕೊಳ್ಳಲಿ. ಹತ್ತನೇ ಟೇಕ್‌ನಲ್ಲಿ ಹುಮ್ಮಸ್ಸು ಬಂದು ಬದಲಿಸಿದರೆ ಎಡಿಟರ್ ಆ ಶಾಟ್ ಎಸೆಯುತ್ತಾನೆ. ಒಂದೇ ಬಣ್ಣದ ಸ್ಟಿಕ್ ಮೂರು ಜೊತೆ, ತನ್ನದೇ ಕಿಕ್ ಪೆಡಲ್ ಒಯ್ಯಲಿ. ಲೋಕಲ್ ರೈಲಿನಲ್ಲಿ ಹೋಗಿ ದಾದರ್‌ನಲ್ಲಿ ಇಳಿದು ಬೇರೆ ರೈಲು ಹತ್ತಬೇಕಾದವನಿಗೆ ಅಷ್ಟೇ ಹೊರೆ ಸಾಕು, ಉಳಿದದ್ದು ಅವರು ತರಲಿ.

ಇನ್ನು ಕಾಗದಪತ್ರ. 2012ರ ತಿದ್ದುಪಡಿಯ ನಂತರ ಕಾಪಿರೈಟ್ ಕಾಯ್ದೆಯ ಪ್ರಕಾರ, ಚಿತ್ರದಲ್ಲಿ ಸಾಂದರ್ಭಿಕವಾಗಿ ಬಂದುಹೋಗುವ, ವಾಡಿಕೆಯಂತೆ ಕ್ರೆಡಿಟ್‌ನಲ್ಲೂ ಹೆಸರು ಹಾಕದ ವ್ಯಕ್ತಿ ರಾಯಲ್ಟಿಯ ಮಟ್ಟಿಗೆ ಪ್ರದರ್ಶಕನೇ ಅಲ್ಲ. ಆದ್ದರಿಂದ ಕ್ರೆಡಿಟ್‌ನಲ್ಲಿ ಹೆಸರು ಬರುತ್ತದೆಂದು ಒಪ್ಪಂದದಲ್ಲೇ ಬರೆಸಿಕೊಳ್ಳಿ. ಹಾಡಿಗೂ ಅವನೇ ಬಾರಿಸಿದ್ದರೆ ರೆಕಾರ್ಡಿಂಗ್‌ನ ಸಂಭಾವನೆ ಬೇರೆ, ನಟನೆಯದು ಬೇರೆ. ಎರಡನ್ನೂ ಒಂದೇ ಮೊತ್ತಕ್ಕೆ ಸೇರಿಸಿ ಸಹಿ ಕೇಳಿದರೆ ಪೆನ್ನು ಮುಚ್ಚಿಡಿ.