ಕಾಳಸಂತೆಯಲ್ಲಿ ಕಾಣದ ಸೈನಿಕ

ಪ್ರಶ್ನೆ: ಧಾರವಾಡದ ನಮ್ಮ ಗೆಳೆಯರ ಬಳಗದಲ್ಲಿ ಯುದ್ಧೋತ್ತರ ಜಪಾನಿನ ರೌಡಿಗಳ ಕುರಿತ ಎರಡು ಚಿತ್ರಗಳನ್ನು ನೋಡಿದೆವು. ಅಕಿರಾ ಕುರೊಸಾವಾ ಅವರ 1948ರ ‘ಡ್ರಂಕನ್ ಏಂಜೆಲ್’ನಲ್ಲಿ ಒಬ್ಬನೇ ಒಬ್ಬ ಅಮೆರಿಕನ್ ಸೈನಿಕನಿಲ್ಲ, ಕಿಂಜಿ ಫುಕಸಾಕು ಅವರ 1973ರ ‘ಬ್ಯಾಟಲ್ಸ್ ವಿದೌಟ್ ಆನರ್ ಆ್ಯಂಡ್ ಹ್ಯುಮ್ಯಾನಿಟಿ’ಯಲ್ಲಿ ಆರಂಭದಲ್ಲೇ ಇದ್ದಾರೆ. ಏಕೆ?
– ಓದುಗರು, ಮಾಳಮಡ್ಡಿ, ಧಾರವಾಡ

ಉತ್ತರ: ಮೊದಲ ಚಿತ್ರ ತಯಾರಾದಾಗ ಜಪಾನು ಮಿತ್ರರಾಷ್ಟ್ರಗಳ ಆಡಳಿತದಲ್ಲಿತ್ತು. 1945ರಲ್ಲಿ ಆರಂಭವಾಗಿ 1952ರ ಏಪ್ರಿಲ್ 28ರವರೆಗೆ ನಡೆದ ಆ ಆಡಳಿತದ ಅಧಿಕಾರಿಗಳು ಚಿತ್ರಗಳನ್ನು ಪರಿಶೀಲಿಸುತ್ತಿದ್ದರು. ದೇಶವನ್ನು ವಶದಲ್ಲಿಟ್ಟುಕೊಂಡಿದ್ದ ಸೇನೆಯ ಟೀಕೆಯನ್ನಷ್ಟೇ ಅಲ್ಲ, ಸೆನ್ಸಾರ್ ಇದೆ ಎಂಬ ಸುಳಿವನ್ನೂ ಅವರು ಒಪ್ಪುತ್ತಿರಲಿಲ್ಲ. ಹೀಗಾಗಿ ಕುರೊಸಾವಾ ಸೈನಿಕನ ಬದಲು ಊರ ನಡುವೆ ಕೊಚ್ಚೆ ಹೊಂಡವೊಂದನ್ನು ಇಟ್ಟರು. ಗುಳ್ಳೆಗಳೇಳುವ ಆ ಕಪ್ಪು ನೀರಿನ ದಂಡೆಯಲ್ಲೇ ವೈದ್ಯ ಸನಾದಾ ಅವರ ದವಾಖಾನೆ. ಕ್ಷಯ ತಗುಲಿದ ಯುವ ರೌಡಿ ಮತ್ಸುನಾಗಾ ಅಲ್ಲಿಗೆ ಬಂದು, ಕೈಗೆ ಬಾಗಿಲಿನ ಮೊಳೆ ಚುಚ್ಚಿತೆಂದು ಸುಳ್ಳು ಹೇಳುತ್ತಾನೆ. ವೈದ್ಯರು ಹೊರತೆಗೆಯುವುದು ಗುಂಡು. ಮತ್ಸುನಾಗಾ ಆಗಿ ನಟಿಸಿದ ತೊಶಿರೊ ಮಿಫುನೆ ಅವರ ಮುಖದಲ್ಲಿ ಆ ಹೊತ್ತಿಗೆ ಕಾಣುವ ಜಂಭ, ಶ್ವಾಸಕೋಶದ ವಿಷಯ ಬಂದೊಡನೆ ರೊಚ್ಚಾಗುತ್ತದೆ. ಸೋತ ದೇಶದ ಯುವಕನ ಭಯವನ್ನು ಇಷ್ಟು ಹತ್ತಿರದಿಂದ ತೋರಿಸಿದ ಚಿತ್ರವನ್ನು ನಾನು ಬೇರೆ ಕಂಡಿಲ್ಲ.

ಫುಕಸಾಕು ಅವರಿಗೆ ಅಂಥ ಅಂಕೆ ಇರಲಿಲ್ಲ. ಅಣುಬಾಂಬಿನ ಅಣಬೆಮೋಡದ ಛಾಯಾಚಿತ್ರದಿಂದ ಶುರುವಾಗುವ ಅವರ ಚಿತ್ರ ನೇರವಾಗಿ ಹಿರೋಷಿಮಾ ಬಳಿಯ ಕುರೆ ಪಟ್ಟಣದ 1946ರ ಕಾಳಸಂತೆಗೆ ಇಳಿಯುತ್ತದೆ. ಜಪಾನಿ ಹೆಣ್ಣುಮಗಳೊಬ್ಬಳನ್ನು ಸೈನಿಕರು ಅಟ್ಟಿಸಿಕೊಂಡು ಬರುತ್ತಾರೆ, ಅಲುಗಾಡುವ ಕ್ಯಾಮೆರಾ ಜನರ ನಡುವೆ ನುಗ್ಗುತ್ತದೆ, ಬುಂತಾ ಸುಗವಾರಾ ನಟಿಸಿದ ನಾಯಕ ಹಿರೊನೊ ಅಡ್ಡ ಬರುತ್ತಾನೆ. ಹಿಂದಿನ ಯಾಕುಜಾ (ಜಪಾನಿ ರೌಡಿ) ಚಿತ್ರಗಳು ಮೆರೆಸುತ್ತಿದ್ದ ‘ಜಿಂಗಿ’, ಅಂದರೆ ಗೌರವ, ಮಾನವೀಯತೆಯ ಧರ್ಮ ಇಲ್ಲಿಲ್ಲ. ಮೂಲ ಶೀರ್ಷಿಕೆ ‘ಜಿಂಗಿ ನಾಕಿ ತತಕಾಯಿ’ (ಜಿಂಗಿ ಇಲ್ಲದ ಕಾದಾಟ) ಅದನ್ನೇ ಹೇಳುತ್ತದೆ.

ಕನ್ನಡಿಗರಿಗೆ ಹತ್ತಿರವಾದ ಒಂದು ಸಂಗತಿಯನ್ನೂ ಹೇಳಬೇಕು. ಯಮಾತೊ ಯುದ್ಧನೌಕೆ ನಿರ್ಮಾಣವಾದ ಇದೇ ಕುರೆ, ಜಪಾನಿನಲ್ಲಿ ಬೀಡುಬಿಟ್ಟಿದ್ದ ಬ್ರಿಟಿಷ್ ಕಾಮನ್‌ವೆಲ್ತ್ ಪಡೆಯ ಕೇಂದ್ರವಾಗಿತ್ತು, ಮತ್ತು ಆ ಪಡೆಯಲ್ಲಿ ಭಾರತೀಯ ದಳಗಳೂ ಇದ್ದವು. ಅವುಗಳಲ್ಲಿ 268ನೇ ಬ್ರಿಗೇಡನ್ನು ಮುನ್ನಡೆಸಿದವರು ಮಡಿಕೇರಿಯಲ್ಲಿ ಹುಟ್ಟಿದ ಕೆ. ಎಸ್. ತಿಮ್ಮಯ್ಯ. ನೀವು ಕೇಳಿದ ಅಮೆರಿಕನ್ ಸೈನಿಕರ ಜೊತೆಗೆ ಜಪಾನಿನಲ್ಲಿ ನಮ್ಮವರೂ ನಿಂತಿದ್ದರು. ಎರಡೂ ಚಿತ್ರಗಳ ಕಥೆಯಲ್ಲಿ ಅವರಿಗೆ ಜಾಗ ಸಿಕ್ಕಿಲ್ಲ.