ಡಿಟೆಕ್ಟಿವ್ ಆಗಬೇಕೆಂಬ ಅಣ್ಣ, ರೇಸ್ ಓಡಿಸಬೇಕೆಂಬ ತಮ್ಮ

ತಮ್ಮಾ, ನಿನ್ನ ಪತ್ರ ಓದಿದೆ. ಧಾರವಾಡದಲ್ಲಿ ಅಪರಾಧಶಾಸ್ತ್ರದ ಎಂ.ಎ. ಮುಗಿಸಿ ಆಗಸ್ಟ್‌ಗೆ ಅಮೆರಿಕದ ನಾರ್ತ್ ಕೆರೊಲಿನಾದ ಶಾರ್ಲೆಟ್‌ಗೆ ಓದಲು ಬರುತ್ತಿದ್ದೀಯ, ಸಂತೋಷ. 'ಮೊದಲು ಅಲ್ಲಿ ಡಿಟೆಕ್ಟಿವ್ ಆಗಿ, ಆಮೇಲೆ ಪ್ರೊಫೆಸರ್ ಆಗಬೇಕು ಅಂತಿದೆ ಅಕ್ಕಾ, ಆಗ್ತದೇನು?' ಎಂದು ಕೇಳಿದ್ದೀಯ. ಮೆಕ್ಯಾನಿಕಲ್ ಓದುತ್ತಿರುವ ನಿನ್ನ ತಮ್ಮನಿಗೆ ಸ್ಟಾಕ್ ಕಾರ್, ಅಂದರೆ ನೋಡಲು ಮಾಮೂಲಿ ಕಾರಿನಂತಿರುವ ರೇಸ್ ಕಾರು, ಅದರ ರೇಸರ್ ಆಗುವ ಆಸೆ, ಅವನ ದಾರಿಯೂ ತಿಳಿಸಿ ಎಂದಿದ್ದೀಯ. ಜೊತೆಗೆ ಬಾಡಿಗೆ, ಊಟ, ಚಳಿ.

ಬಾಡಿಗೆಗೆ ನಾಲ್ಕು ಹುಡುಗರು ಕೂಡಿ ಮನೆ ಹಿಡಿದರೆ ನಡೆಯುತ್ತದೆ. ಚಳಿಗೆ ಹೆದರಬೇಡ, ಹಿಮ ಇಲ್ಲಿ ಅಪರೂಪ. ಜೋಳದ ಹಿಟ್ಟು ಸಿಗುತ್ತದೆ, ರೊಟ್ಟಿ ಬಡಿಯುವುದನ್ನು ಮಾತ್ರ ನಿಮ್ಮ ಅವ್ವನ ಹತ್ತಿರ ಕಲಿತು ಬಾ. ಕಾರಿಲ್ಲದೆ ಮೊದಲ ವರ್ಷ ಕಷ್ಟ. ನಾನು ಬಂದ ಹೊಸತರಲ್ಲಿ ಫುಟ್‌ಪಾತೇ ಇಲ್ಲದ ರಸ್ತೆಯ ಅಂಚಿನ ಹುಲ್ಲಿನ ಮೇಲೆ ನಡೆದುಹೋಗಿ ಹಾಲು, ಮೊಸರು ತರುತ್ತಿದ್ದೆ. ಮೇ ತಿಂಗಳ ಕೊನೆಯ ಒಂದು ಭಾನುವಾರ ಸಂಜೆ ಮನೆಯ ಕಿಟಕಿ ಗಾಜು ಗುಂಯ್‌ಗುಟ್ಟತೊಡಗಿತು. ಗಂಟೆಗಟ್ಟಲೆ ನಿಲ್ಲಲಿಲ್ಲ. ಅದು ಕಾಂಕರ್ಡ್‌ನ ಶಾರ್ಲೆಟ್ ಮೋಟರ್ ಸ್ಪೀಡ್‌ವೇಯ ಸದ್ದು ಎಂದು ಮರುದಿನ ತಿಳಿಯಿತು. ಒಂದೂವರೆ ಮೈಲಿಯ ಟ್ರ್ಯಾಕಿನಲ್ಲಿ 400 ಸುತ್ತು, ಒಟ್ಟು 600 ಮೈಲಿ. ಇಲ್ಲಿ ಸ್ಟಾಕ್ ಕಾರ್ ರೇಸ್ ನಡೆಸುವ ಸಂಸ್ಥೆ ನಾಸ್ಕಾರ್, ಅದರಲ್ಲಿ ಇದಕ್ಕಿಂತ ಉದ್ದದ ರೇಸ್ ಇಲ್ಲ. ನೀನು ಓದುವ ವಿಶ್ವವಿದ್ಯಾಲಯಕ್ಕೆ ಆ ಜಾಗ ಹತ್ತಿರವೇ.

ಹಾಗಾಗಿ ನಿನ್ನ ತಮ್ಮ ಆಸೆಪಟ್ಟ ಊರು ಸರಿಯಾಗೇ ಇದೆ. ದೊಡ್ಡ ರೇಸ್ ತಂಡಗಳಲ್ಲಿ ಹೆಂಡ್ರಿಕ್ ತಂಡ ಕಾಂಕರ್ಡ್‌ನಲ್ಲಿ, ಜೋ ಗಿಬ್ಸ್ ತಂಡ ಹಂಟರ್ಸ್‌ವಿಲ್‌ನಲ್ಲಿ, ಪೆನ್ಸ್ಕೆ ಮೂರ್ಸ್‌ವಿಲ್‌ನಲ್ಲಿ, ಎಲ್ಲ ಆಸುಪಾಸಿನಲ್ಲೇ. ಆದರೆ ಚಾಲಕನ ಸೀಟಿಗೆ ಪದವಿ ದಾರಿಯಲ್ಲ. ಇಲ್ಲಿಯ ಮಕ್ಕಳು ಐದಾರು ವರ್ಷಕ್ಕೇ ಗೋ-ಕಾರ್ಟ್ ಹತ್ತುತ್ತಾರೆ. ಆಮೇಲೆ ಹಿಕರಿ ಥರದ ಸಣ್ಣ ಟ್ರ್ಯಾಕುಗಳಲ್ಲಿ ಶನಿವಾರ ರಾತ್ರಿಯ ರೇಸು. ವಾರವಿಡೀ ಪೈಪು ರಿಪೇರಿ, ಗ್ಯಾರೇಜು ಕೆಲಸ ಮಾಡಿ ದುಡಿದದ್ದನ್ನೆಲ್ಲ ಟೈರಿಗೆ ಸುರಿಯುವವರು ಅಲ್ಲಿ ತುಂಬಿದ್ದಾರೆ. ನಮ್ಮ ಪಕ್ಕದ ಊರು ಕನಾಪೊಲಿಸ್‌ನ ಡೇಲ್ ಅರ್ನ್‌ಹಾರ್ಟ್ ಒಂಬತ್ತನೇ ಕ್ಲಾಸಿಗೇ ಶಾಲೆ ಬಿಟ್ಟವನು, ಏಳು ಸಲ ಚಾಂಪಿಯನ್ ಆದ. ಅವನ ಅಪ್ಪ ಬಟ್ಟೆ ಗಿರಣಿಯಲ್ಲಿ ದುಡಿದು ಆಮೇಲೆ ರೇಸಿಗಿಳಿದವನು. ಮೇಲಿನ ಮಟ್ಟಕ್ಕೆ ಏರಲು ಪ್ರಾಯೋಜಕರ ದುಡ್ಡು ಬೇಕು, ಅದೂ ನಮ್ಮ ಊಹೆಗೆ ಮೀರಿದ ದುಡ್ಡು. ವೆಂಡೆಲ್ ಸ್ಕಾಟ್ ಎಂಬ ಕಪ್ಪು ಚಾಲಕ 1963ರಲ್ಲಿ ಜಾಕ್ಸನ್‌ವಿಲ್‌ನಲ್ಲಿ ಗೆದ್ದಾಗ ಅಂದಿನ ಟ್ರೋಫಿಯನ್ನು ಬೇರೊಬ್ಬನ ಕೈಗಿತ್ತರು. ಗೆದ್ದವನು ಸ್ಕಾಟ್ ಎಂದು ಒಪ್ಪಿದ್ದು ಜನ ಮನೆಗೆ ಹೋದ ಮೇಲೆ. ನಾಸ್ಕಾರ್ ಸಾಧಕರ ಗೌರವಪಟ್ಟಿಯಾದ ಹಾಲ್ ಆಫ್ ಫೇಮ್‌ಗೆ ಅವನ ಹೆಸರು ಸೇರಿದ್ದು 2015ರಲ್ಲಿ, ಅವನು ತೀರಿಹೋಗಿ ಎಷ್ಟೋ ವರ್ಷವಾದ ಮೇಲೆ. ಇದನ್ನೂ ತಿಳಿದುಕೊಂಡೇ ಬರಲಿ. ಆದರೆ 2010ರಲ್ಲಿ ಕೊಯಮತ್ತೂರಿನ ನಾರಾಯಣ್ ಕಾರ್ತಿಕೇಯನ್ ನಾಸ್ಕಾರ್ ಟ್ರಕ್ ಸರಣಿಯಲ್ಲಿ ಓಡಿಸಿದಾಗ ಆ ವರ್ಷದ ಅಚ್ಚುಮೆಚ್ಚಿನ ಚಾಲಕ ಎಂದು ಅಭಿಮಾನಿಗಳೇ ಮತ ಹಾಕಿ ಆರಿಸಿದರು. ಆ ಸುದ್ದಿ ಓದಿದ ದಿನ ನನಗಾದ ಹೆಮ್ಮೆ ಇವತ್ತಿಗೂ ಇದೆ.

ನಿನ್ನ ತಮ್ಮನಿಗೆ ಇಲ್ಲಿ ಸಿಗಬಹುದಾದ ಕೆಲಸ ಕಾರಿನ ಹೊರಗೆ. ನೀನು ಬರುವ ವಿಶ್ವವಿದ್ಯಾಲಯದಲ್ಲೇ ಮೋಟರ್‌ಸ್ಪೋರ್ಟ್ಸ್ ಇಂಜಿನಿಯರಿಂಗ್ ಕಲಿಸುತ್ತಾರೆ. ಅದನ್ನು ಕೈಲಾಗದವರ ಕೆಲಸ ಎಂದುಕೊಳ್ಳಬಾರದು. 2001ರಲ್ಲಿ ಡೇಟೋನಾದ ಕೊನೆಯ ಸುತ್ತಿನಲ್ಲಿ ಅರ್ನ್‌ಹಾರ್ಟ್ ಗೋಡೆಗೆ ಹೊಡೆದು ಸತ್ತ, ತಲೆಬುರುಡೆಯ ಬುಡ ಬಿರುಕುಬಿಟ್ಟಿತ್ತು. ಅಂಥ ಸಾವು ತಪ್ಪಿಸಲೆಂದೇ ಹೆಲ್ಮೆಟ್ಟನ್ನು ಹೆಗಲಿಗೆ ಬಿಗಿಯುವ 'ಹ್ಯಾನ್ಸ್' ಎಂಬ ಸಾಧನ ಅಷ್ಟು ಹೊತ್ತಿಗಾಗಲೇ ತಯಾರಾಗಿತ್ತು. ಮಾಡಿದವರು ಮಿಶಿಗನ್ ಸ್ಟೇಟ್ ವಿಶ್ವವಿದ್ಯಾಲಯದ ಪ್ರೊಫೆಸರ್ ರಾಬರ್ಟ್ ಹಬಾರ್ಡ್, ಮಾಡಿಸಿಕೊಂಡವರು ರೇಸರ್ ಜಿಮ್ ಡೌನಿಂಗ್. ಇಬ್ಬರೂ ಭಾವ-ಮೈದುನರು. ಕುತ್ತಿಗೆಗೆ ಇದೇನು ಕಿರಿಕಿರಿ ಎಂದು ಬಹಳ ಚಾಲಕರು ವರ್ಷಗಟ್ಟಲೆ ಅದನ್ನು ಮುಟ್ಟಿರಲಿಲ್ಲ. ಆ ವರ್ಷದ ಅಕ್ಟೋಬರ್‌ನಲ್ಲಿ ನಾಸ್ಕಾರ್ ಅಂಥ ಸಾಧನವನ್ನು ಕಡ್ಡಾಯ ಮಾಡಿತು. ಒಂದೇ ಮನೆಯ ಪ್ರೊಫೆಸರ್ ಮತ್ತು ರೇಸರ್ ಮಾಡಿದ ಕೆಲಸ ಇದು. ನಿಮ್ಮಿಬ್ಬರ ವಿಷಯ ಓದುವಾಗ ನನಗೆ ಮೊದಲು ನೆನಪಾದದ್ದೇ ಅವರು.

ಈಗ ನಿನ್ನ ವಿಷಯ. ಊರಿನಲ್ಲಿ ಪರೀಕ್ಷೆ ಬರೆದು ನೇರ ಪಿಎಸ್‌ಐ ಆಗಬಹುದು. ಇಲ್ಲಿ ಆ ಪದ್ಧತಿಯೇ ಇಲ್ಲ. ಪಿಎಚ್‌ಡಿ ಇದ್ದವನೂ ಮೊದಲು ಸಮವಸ್ತ್ರ ಹಾಕಿ ಬೀದಿ ಗಸ್ತು ತಿರುಗಬೇಕು, ವರ್ಷಗಳ ಮೇಲೆ ಡಿಟೆಕ್ಟಿವ್ ಹುದ್ದೆ. ನಾರ್ತ್ ಕೆರೊಲಿನಾದಲ್ಲಿ ಪೊಲೀಸ್ ಆಗಲು ಅಮೆರಿಕದ ಪೌರತ್ವವೇ ಬೇಕು. ವಿದ್ಯಾರ್ಥಿ ವೀಸಾದಲ್ಲಿ ಬಂದವನಿಗೆ ಅಲ್ಲಿಗೆ ಮುಟ್ಟಲು ಅರ್ಧ ಆಯುಷ್ಯ ಹೋದೀತು. ಇದನ್ನು ಬರೆಯುವಾಗ ನನಗೂ ಬೇಸರವಾಗುತ್ತದೆ, ಆದರೆ ಸಾಲ ಮಾಡಿ ಬಂದ ಮೇಲೆ ಗೊತ್ತಾಗುವುದಕ್ಕಿಂತ ಈಗಲೇ ಗೊತ್ತಾಗಲಿ. ಪ್ರೊಫೆಸರ್ ಆಗುವುದೇ ನಮ್ಮಂಥವರಿಗೆ ಹತ್ತಿರದ ದಾರಿ. ವಿಶ್ವವಿದ್ಯಾಲಯಗಳು ಎಚ್-1ಬಿ ಎಂಬ ಕೆಲಸದ ವೀಸಾಕ್ಕೆ ಲಾಟರಿಯ ಗೊಡವೆಯಿಲ್ಲದೆ ಅರ್ಜಿ ಹಾಕಬಹುದು. ವೀಸಾ ನಿಯಮ ಬದಲಾಗುತ್ತಲೇ ಇರುತ್ತವೆ, ವಿದೇಶಿ ವಿದ್ಯಾರ್ಥಿಗಳ ಕಚೇರಿಯಲ್ಲಿ ಕೇಳಿಯೇ ಹೆಜ್ಜೆ ಇಡು.

ನೀನು ಅಂದುಕೊಂಡ ಹಾದಿಯಲ್ಲಿ ನಡೆದವರು ಇಲ್ಲಿ ಬಹಳ ಜನ. 1968ರ ಒಂದು ಕಾಯ್ದೆಯಿಂದ ಪೊಲೀಸರ ಕಾಲೇಜು ಓದಿಗೆ ಸರ್ಕಾರದ ಹಣ ಬಂತು, ಎಷ್ಟೋ ಪೇದೆಗಳು ಪಾಳಿ ಮುಗಿಸಿ ತರಗತಿಗೆ ಹೋದರು. ಜೇಮ್ಸ್ ಫೈಫ್ ನ್ಯೂಯಾರ್ಕ್ ಪೊಲೀಸಿನಲ್ಲಿ 16 ವರ್ಷ ದುಡಿದು ಲೆಫ್ಟಿನೆಂಟ್ ಆದವರು, ಆಮೇಲೆ ಪ್ರೊಫೆಸರ್. ಪೊಲೀಸರು ಯಾವಾಗ ಗುಂಡು ಹಾರಿಸುತ್ತಾರೆ ಎಂದು ತಮ್ಮದೇ ಇಲಾಖೆಯ ದಾಖಲೆ ಹಿಡಿದು ಲೆಕ್ಕ ಹಾಕಿದರು. ಓಡಿಹೋಗುತ್ತಿರುವ ನಿರಾಯುಧ ಆರೋಪಿಗೆ ಸುಮ್ಮನೆ ಗುಂಡು ಹೊಡೆಯುವಂತಿಲ್ಲ ಎಂದು 1985ರಲ್ಲಿ ಇಲ್ಲಿಯ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಾಗ ಅದರಲ್ಲಿ ಫೈಫ್ ಅವರ ಸಂಶೋಧನೆಯ ಉಲ್ಲೇಖವಿದೆ.

ಇಂಥವರೊಬ್ಬರ ಸಂಜೆ ತರಗತಿಗೆ ನಾನೂ ಕೆಲಕಾಲ ಹೋಗಿದ್ದೆ, ಕೊಲೆ ಕೇಸುಗಳ ತನಿಖೆ ಮಾಡಿ ನಿವೃತ್ತರಾದ ಡಿಟೆಕ್ಟಿವ್. ಒಂದು ದಿನ ಬೋರ್ಡಿನ ಮೇಲೆ ಒಂದು ಬೀದಿ ಬರೆದು, ಎದುರು-ಬದುರು ಮನೆಗಳನ್ನು ಚೌಕ ಮಾಡಿ, ಯಾರು ಏನು ನೋಡಿದರೆಂದು ಹೇಳಿದರೋ ಅದನ್ನು ಒಂದೊಂದರೊಳಗೂ ತುಂಬಿದರು. ಎರಡು ಚೌಕ ಖಾಲಿ ಉಳಿದವು. 'ಬಾಗಿಲು ತೆರೆಯದ ಮನೆಗೆ ಮತ್ತೆ ಹೋಗಿ, ಬೇರೆ ಹೊತ್ತಿನಲ್ಲಿ ಹೋಗಿ' ಎಂದರು. ನನ್ನ ಎದೆ ಧಸಕ್ಕೆಂದಿತು. ನಮ್ಮಪ್ಪ ಹುಬ್ಬಳ್ಳಿಯಲ್ಲಿ ಎಎಸ್‌ಐ ಆಗಿ ನಿವೃತ್ತರಾದವರು. ಓಣಿಯಲ್ಲಿ ಕಳವಾದರೆ ನೀರು ಬರುವ ಹೊತ್ತಿಗೆ ನಳದ ಹತ್ತಿರ ಹೋಗಿ ನಿಲ್ಲುತ್ತಿದ್ದರು, ಬಾಗಿಲು ತೆರೆಯದ ಮನೆಯವರೂ ಕೊಡ ಹಿಡಿದು ಅಲ್ಲಿಗೆ ಬರಲೇಬೇಕಲ್ಲ. ಪಂಚನಾಮೆ ಬರೆಯುವಾಗ ಪಂಚರು ನೋಡಿದ್ದನ್ನೇ ಬರೆಯಬೇಕು, ನಾವು ಅಂದುಕೊಂಡದ್ದನ್ನಲ್ಲ ಎಂದು ಹೊಸ ಪೇದೆಗಳಿಗೆ ಹೇಳುತ್ತಿದ್ದರು. ಅದೇ ವಿದ್ಯೆ. ಇಲ್ಲಿ ಅದಕ್ಕೆ ಮೂವತ್ತು ಜನ ದುಡ್ಡು ಕಟ್ಟಿ ಕೂತು ಟಿಪ್ಪಣಿ ಮಾಡಿಕೊಳ್ಳುತ್ತಿದ್ದರು. ಅಲ್ಲಿ ಅಪ್ಪ ಪಿಂಚಣಿ ತಂದು ಕಟ್ಟೆಯ ಮೇಲೆ ಕೂತು ದಿನ ಕಳೆದರು. ಯಾವ ಕಾಲೇಜೂ ಅವರನ್ನು ಕರೆಯಲಿಲ್ಲ, ಮನೆಯವರು ನಾವೂ ಕೂತು ಬರೆದಿಡಲಿಲ್ಲ. ಆ ತರಗತಿಗೆ ನಾನು ಸೇರುವ ಮೊದಲೇ ಅವರು ಹೋಗಿಬಿಟ್ಟಿದ್ದರು. ಈ ದೇಶ ನನಗೆ ಬೇಕಾದ್ದೆಲ್ಲ ಕೊಟ್ಟಿದೆ, ಆ ಒಂದು ಸಂಕಟ ಮಾತ್ರ ಹೋಗುವುದಿಲ್ಲ.

ಅದಕ್ಕೇ ಕೇಳುತ್ತೇನೆ. ಹೊರಡಲು ಇನ್ನೂ ಸಮಯವಿದೆ. ಧಾರವಾಡ-ಹುಬ್ಬಳ್ಳಿಯಲ್ಲಿ ನಿವೃತ್ತ ಪೊಲೀಸರು ಎಷ್ಟೋ ಮಂದಿ ಇದ್ದಾರೆ. ನಾಲ್ಕೈದು ಮಂದಿಯ ಹತ್ತಿರ ಹೋಗಿ ಕೂತು, ಅವರು ಹೇಗೆ ತನಿಖೆ ಮಾಡುತ್ತಿದ್ದರೆಂದು ಕೇಳಿ ಬರೆದುಕೊಂಡು ಬಾ. ಆರೋಪಿಗಳ, ಸಾಕ್ಷಿಗಳ ಹೆಸರು ಬೇಡ, ಕೆಲಸದ ರೀತಿ ಸಾಕು. ಮುಂದೆ ಸಂಶೋಧನೆಗೆ ವಿಷಯ ಹುಡುಕುವಾಗ ನಿನ್ನ ಜೊತೆ ಓದುವ ಯಾರ ಹತ್ತಿರವೂ ಅದು ಇರುವುದಿಲ್ಲ. ನಿನ್ನ ತಮ್ಮ ಕಾಲೇಜಿನಲ್ಲಿ ವಿದ್ಯಾರ್ಥಿಗಳ ಸ್ಪರ್ಧೆಗೆಂದು ಕಟ್ಟಿದ ಬಾಜಾ ಎಂಬ ಪುಟ್ಟ ರೇಸ್ ಗಾಡಿಯ ಫೋಟೋಗಳನ್ನು ಕಳಿಸಲಿ, ಬೆಸುಗೆ ಹಾಕಿದ ಜಾಗಗಳು ಹತ್ತಿರದಿಂದ ಕಾಣಬೇಕು. ನಮ್ಮ ಪಕ್ಕದ ಮನೆಯವರು ಒಂದು ರೇಸ್ ತಂಡದಲ್ಲಿ ಚಾಸಿಸ್ ಕಟ್ಟುವವರು, ಅವರಿಗೆ ತೋರಿಸಿ ಏನು ಹೇಳುತ್ತಾರೋ ತಿಳಿಸುತ್ತೇನೆ. ಟಿಕೆಟ್ ಆದ ಕೂಡಲೇ ದಿನ, ವಿಮಾನದ ನಂಬರು ಬರೆ. ಕರೆದುಕೊಂಡು ಬರಲು ನಾವೇ ಬರುತ್ತೇವೆ.